ವಾಯಿದೆಯಿಂದ ವಾಯಿದೆಗೆ: ಸಿವಿಲ್ ದಾವೆ ನಿಲ್ಲದೆ ಸಾಗುವಂತೆ ನೋಡಿಕೊಳ್ಳುವ ಬಗೆ

ಲಿಂಗಸುಗೂರು, ಸಿಂಧನೂರು, ದೇವದುರ್ಗ, ಮಾನ್ವಿಯ ಕೋರ್ಟು ಆವರಣಗಳಿಗೆ ಬೆಳಗಿನ ಬಸ್ಸಿಗೆ ಬಂದು ಸಂಜೆ ಊರಿಗೆ ಮರಳುವ ಕಕ್ಷಿದಾರರನ್ನು ಮಾತನಾಡಿಸಿದರೆ, ಮುಂದಿನ ತಾರೀಖು ಯಾವುದೆಂದು ಎಲ್ಲರೂ ಥಟ್ಟನೆ ಹೇಳುತ್ತಾರೆ. ಆ ತಾರೀಖಿನಂದು ಏನು ನಡೆಯಬೇಕಾಗಿದೆ ಎಂದು ಹೇಳಬಲ್ಲವರು ತೀರ ಕಡಿಮೆ. ರಾಯಚೂರು ಜಿಲ್ಲೆಯಲ್ಲಿ ಸಿವಿಲ್ ವಕೀಲಿ ಮಾಡಿಕೊಂಡು ಬಂದ ನನಗೆ ಜಮೀನಿನ ದಾವೆಗಳು ಮುದಿಯಾಗುವ ಕಾರಣ ಹೆಚ್ಚಾಗಿ ಈ ಒಂದು ಅರಿವಿನ ಕೊರತೆಯಲ್ಲೇ ಕಂಡಿದೆ. ನ್ಯಾಯಾಧೀಶರ ಹುದ್ದೆಗಳು ಖಾಲಿ ಇರುವುದು, ಒಂದೇ ನ್ಯಾಯಾಲಯದ ಮುಂದೆ ದಿನಕ್ಕೆ ಹಿಡಿಸಲಾರದಷ್ಟು ಪ್ರಕರಣಗಳು ಕೂಗಲ್ಪಡುವುದು, ದೇಶದ ಜಿಲ್ಲಾ ಮತ್ತು ತಾಲ್ಲೂಕು ನ್ಯಾಯಾಲಯಗಳಲ್ಲಿ ಬಾಕಿ ಇರುವ ಸಿವಿಲ್ ಪ್ರಕರಣಗಳು ಒಂದು ಕೋಟಿ ದಾಟಿರುವುದು, ಇವೆಲ್ಲವೂ ನಿಜ, ಮತ್ತು ಇವು ಕಕ್ಷಿದಾರನ ಕೈಯಲ್ಲಿಲ್ಲ. ಆದರೆ ಎರಡು ವಾಯಿದೆಗಳ ನಡುವೆ ಆಗಬೇಕಾಗಿದ್ದ ಸಣ್ಣ ಕೆಲಸ ಆಗದೆ ಉಳಿದದ್ದರಿಂದ ಮೂರು ತಿಂಗಳು, ಆರು ತಿಂಗಳು ಕಳೆದುಹೋಗುತ್ತವಲ್ಲ, ಅದು ಕಕ್ಷಿದಾರನ ಕೈಯಲ್ಲಿದೆ. ಈ ಮಾರ್ಗದರ್ಶಿ ಆ ಕೆಲಸಗಳನ್ನು ಕುರಿತದ್ದು. ರಾಯಚೂರನ್ನು ಎದುರಿಗಿಟ್ಟುಕೊಂಡು ಬರೆದಿದ್ದರೂ ಕೊಪ್ಪಳ ಮತ್ತು ಬಳ್ಳಾರಿಯವರಿಗೆ ಬೇರೆಯಾಗುವ ಸಂಗತಿಗಳನ್ನು ಅಲ್ಲಲ್ಲಿ ಹೇಳಿದ್ದೇನೆ.

ಮೊದಲು ಆರ್ಡರ್ ಶೀಟ್ ಓದಿ

ದಾವೆ ಈಗಾಗಲೇ ನಡೆಯುತ್ತಿದ್ದರೆ ಕೆಲಸವನ್ನು ಇಲ್ಲಿಂದಲೇ ಆರಂಭಿಸಬೇಕು. ಪ್ರತಿ ದಾವೆಯ ಕಡತದಲ್ಲಿ ಆರ್ಡರ್ ಶೀಟ್ ಎಂಬ ಹಾಳೆಗಳಿರುತ್ತವೆ. ಯಾವ ದಿನ ಯಾರು ಹಾಜರಿದ್ದರು, ಯಾರು ಕಾಲಾವಕಾಶ ಕೇಳಿದರು, ನ್ಯಾಯಾಲಯ ಏನು ಆದೇಶಿಸಿತು, ಮುಂದಿನ ವಾಯಿದೆ ಯಾವ ಉದ್ದೇಶಕ್ಕೆ ಎಂಬುದೆಲ್ಲ ಅದರಲ್ಲಿ ದಾಖಲಾಗಿರುತ್ತದೆ. ನಕಲು ಅರ್ಜಿ ಹಾಕಿ ಅದರ ದೃಢೀಕೃತ ಪ್ರತಿಯನ್ನು ಪಡೆದು ಮೊದಲ ಪುಟದಿಂದ ಓದಿರಿ, ಅಥವಾ ಓದು ಬಲ್ಲ ಮಗಳಿಂದಲೋ ಮಗನಿಂದಲೋ ಓದಿಸಿ ಕೇಳಿರಿ. "ಸಮನ್ಸ್ ಜಾರಿಯಾಗಿಲ್ಲ, ಪಿ.ಎಫ್. ಕಟ್ಟಿಲ್ಲ" ಎಂಬ ಸಾಲು (ಪಿ.ಎಫ್. ಎಂದರೆ ಸಮನ್ಸ್ ಕಳಿಸಲು ಕಟ್ಟುವ ಶುಲ್ಕ, ಆಡುಮಾತಿನ ಬತ್ತೆ) ಸತತ ನಾಲ್ಕು ವಾಯಿದೆಗಳಲ್ಲಿ ಕಂಡರೆ, ನಿಮ್ಮ ದಾವೆ ಎಲ್ಲಿ ಕುಳಿತಿದೆ ಎಂಬುದು ಬೇರೆ ಯಾರೂ ಹೇಳದೆ ತಿಳಿಯುತ್ತದೆ.

ಇದರ ಜೊತೆಗೆ ಪ್ರಕರಣದ ಸಿ.ಎನ್.ಆರ್. ಸಂಖ್ಯೆಯನ್ನು ಬರೆದಿಟ್ಟುಕೊಳ್ಳಿ. ಅಕ್ಷರ ಮತ್ತು ಅಂಕಿಗಳು ಸೇರಿ 16 ಸ್ಥಾನಗಳ ಈ ಸಂಖ್ಯೆ ನಮ್ಮ ರಾಜ್ಯದಲ್ಲಿ ಕೆ.ಎ. ಎಂಬ ಅಕ್ಷರಗಳಿಂದ ಆರಂಭವಾಗುತ್ತದೆ. ಇ-ಕೋರ್ಟ್ಸ್ ಸರ್ವೀಸಸ್ ಆ್ಯಪಿನಲ್ಲಿ ಇದನ್ನು ನಮೂದಿಸಿದರೆ ಮುಂದಿನ ದಿನಾಂಕ, ಅದರ ಉದ್ದೇಶ ಮತ್ತು ಹಿಂದಿನ ವಾಯಿದೆಗಳ ಸಾರ ಮೊಬೈಲಿನಲ್ಲಿಯೇ ಕಾಣುತ್ತದೆ. ನಂತರ ಒಂದು ನೋಟುಬುಕ್ಕಿನಲ್ಲಿ ಮೂರು ಸಂಗತಿಗಳನ್ನು ಪ್ರತಿ ವಾಯಿದೆಗೂ ಬರೆಯುತ್ತಾ ಹೋಗಿ: ಆ ದಿನ ಏನಾಯಿತು, ಮುಂದಿನ ದಿನ ಏನಾಗಬೇಕು, ಅದಕ್ಕಾಗಿ ಯಾರು ಯಾವ ಕೆಲಸ ಮಾಡಬೇಕು. ವಕೀಲರನ್ನು "ನಮ್ಮ ಕೇಸು ಏನಾಯ್ತು" ಎಂದು ಕೇಳುವುದಕ್ಕಿಂತ "ಹದಿನೈದನೇ ತಾರೀಖು ಸಮನ್ಸಿಗೆ ಇದೆ, ಬತ್ತೆ ಕಟ್ಟಿದೆಯೇ" ಎಂದು ಕೇಳುವುದು ಬಹಳ ಹೆಚ್ಚಿನ ಫಲ ಕೊಡುತ್ತದೆ. ಇಂತಹ ಪ್ರಶ್ನೆಯನ್ನು ಯಾವ ಒಳ್ಳೆಯ ವಕೀಲರೂ ಅವಮಾನವೆಂದು ಭಾವಿಸುವುದಿಲ್ಲ.

ದಾವೆ ಹೂಡುವ ಮುನ್ನ: ದಾಖಲೆ, ವಂಶವೃಕ್ಷ, ವಿಳಾಸ

ಇನ್ನೂ ದಾವೆ ಹೂಡಿಲ್ಲದವರಿಗೆ ನನ್ನ ಸಲಹೆಯೇನೆಂದರೆ, ಕಾಲಮಿತಿ ಮುಗಿಯುವ ಆತಂಕವಿಲ್ಲದಿದ್ದರೆ ಎರಡು ತಿಂಗಳು ತಡವಾದರೂ ಸರಿ, ದಾಖಲೆಗಳೆಲ್ಲವನ್ನೂ ಕೈಗೆ ತಂದುಕೊಂಡ ಮೇಲೆಯೇ ನ್ಯಾಯಾಲಯದ ಮೆಟ್ಟಿಲು ಹತ್ತಿರಿ. ಸಿವಿಲ್ ಪ್ರಕ್ರಿಯಾ ಸಂಹಿತೆಯ ಆದೇಶ 7, ನಿಯಮ 14ರ ಪ್ರಕಾರ ವಾದಿಯು ತಾನು ಆಧರಿಸುವ ದಾಖಲೆಗಳನ್ನು ವಾದಪತ್ರದ ಜೊತೆಗೇ ಹಾಜರುಪಡಿಸಬೇಕು. ತಡವಾಗಿ ತಂದರೆ ನ್ಯಾಯಾಲಯದ ಅನುಮತಿ ಬೇಕು, ಅನುಮತಿಗೆ ಮಧ್ಯಂತರ ಅರ್ಜಿ ಬೇಕು, ಅರ್ಜಿಗೆ ಎದುರಾಳಿಯ ತಕರಾರು ಬರುತ್ತದೆ, ತಕರಾರಿನ ಮೇಲೆ ವಾದ ನಡೆಯುತ್ತದೆ. ಒಂದು ಪಹಣಿಯ ನಕಲಿಗಾಗಿ ಹೀಗೆ ಆರು ತಿಂಗಳು ಹೋಗುತ್ತದೆ.

ನಮ್ಮ ಭಾಗದ ದಾಖಲೆಗಳಿಗೆ ಒಂದು ವಿಶೇಷ ತೊಡಕಿದೆ. ರಾಯಚೂರು ಮತ್ತು ಕೊಪ್ಪಳ 1956ರ ರಾಜ್ಯ ಪುನರ್ವಿಂಗಡಣೆಯವರೆಗೆ ಹೈದರಾಬಾದ್ ಸೀಮೆಯಲ್ಲಿದ್ದುದರಿಂದ ಹಳೆಯ ಕಂದಾಯ ಕಾಗದಗಳು, ಖರೀದಿ ಪತ್ರಗಳು ಉರ್ದುವಿನಲ್ಲಿವೆ; ಬಳ್ಳಾರಿ 1953ರವರೆಗೆ ಮದ್ರಾಸಿನ ಆಡಳಿತದಲ್ಲಿದ್ದುದರಿಂದ ಅಲ್ಲಿನ ಅಡಂಗಲ್ಲು, ಪಟ್ಟಾ, ಪತ್ರಗಳಲ್ಲಿ ತೆಲುಗು ಮತ್ತು ಇಂಗ್ಲಿಷ್ ಹೆಚ್ಚು. ನ್ಯಾಯಾಲಯದ ಭಾಷೆಯಲ್ಲಿಲ್ಲದ ದಾಖಲೆಗೆ ಅನುವಾದ ಬೇಕು, ಮತ್ತು ಅದು ಸರಿಯಾದ ಅನುವಾದವೆಂದು ದೃಢಪಡಬೇಕು. ಹಳೆಯ ಉರ್ದು ಕೈಬರಹವನ್ನು ಓದಬಲ್ಲವರು ಈಗ ವಿರಳವಾಗಿದ್ದಾರೆ. ಸಾಕ್ಷ್ಯದ ಹಂತ ಬಂದ ಮೇಲೆ ಅನುವಾದಕರನ್ನು ಹುಡುಕಲು ಹೊರಟರೆ ಆ ಒಂದು ಕಾರಣಕ್ಕೇ ವಾಯಿದೆಗಳು ಸಾಲುಗಟ್ಟುತ್ತವೆ. ಫಸಲಿ ವರ್ಷದಲ್ಲಿ (ಹಳೆಯ ಕಂದಾಯ ವರ್ಷದ ಎಣಿಕೆ) ತಾರೀಖು ಹಾಕಿದ ಕಾಗದವಿದ್ದರೆ ಫಸಲಿ ಸಂಖ್ಯೆಗೆ 590 ಕೂಡಿದರೆ ಆ ವರ್ಷ ಆರಂಭವಾದ ಇಸವಿ ಸಿಗುತ್ತದೆ, ಅಂದರೆ ಫಸಲಿ 1360 ಎಂದರೆ 1950-51. ಈ ಲೆಕ್ಕವನ್ನು ವಾದಪತ್ರದಲ್ಲಿಯೇ ಸ್ಪಷ್ಟವಾಗಿ ಬರೆದರೆ ಪಾಟೀ ಸವಾಲಿನಲ್ಲಿ ಎದುರಾಗುವ ಗೊಂದಲ ತಪ್ಪುತ್ತದೆ. ಕೊಪ್ಪಳ ಜಿಲ್ಲೆ ರಾಯಚೂರಿನಿಂದ ಬೇರ್ಪಟ್ಟದ್ದು 1997ರಲ್ಲಿ. ಆದ್ದರಿಂದ ಅದಕ್ಕೂ ಹಿಂದಿನ ಜಿಲ್ಲಾ ಮಟ್ಟದ ಕಡತ ಬೇಕಾದ ಕುಷ್ಟಗಿ, ಯಲಬುರ್ಗಾದವರು ರಾಯಚೂರಿನಲ್ಲಿಯೂ ವಿಚಾರಿಸಬೇಕು. ಮೊಬೈಲಿನ ಫೋಟೋ, ವಾಟ್ಸಾಪ್ ಸಂದೇಶಗಳನ್ನು ಆಧರಿಸುವುದಾದರೆ ಭಾರತೀಯ ಸಾಕ್ಷ್ಯ ಅಧಿನಿಯಮದ ಕಲಂ 63ರ ಪ್ರಮಾಣಪತ್ರವನ್ನು ಆರಂಭದಲ್ಲೇ ಸಿದ್ಧಪಡಿಸಿಕೊಳ್ಳಿ.

ಇನ್ನು ವಂಶವೃಕ್ಷ. ವಿಭಾಗದ ದಾವೆಗಳಲ್ಲಿ ಹೆಣ್ಣುಮಕ್ಕಳ ಹೆಸರನ್ನು ಬಿಟ್ಟು ಬರೆದ ವಂಶವೃಕ್ಷದಷ್ಟು ಹಾನಿ ಮಾಡುವ ಕಾಗದವನ್ನು ನಾನು ಬೇರೆ ನೋಡಿಲ್ಲ. ಪಿತ್ರಾರ್ಜಿತ ಆಸ್ತಿಯಲ್ಲಿ ಮಗಳಿಗೆ ಹುಟ್ಟಿನಿಂದಲೇ ಮಗನಷ್ಟೇ ಹಕ್ಕಿದೆ ಎಂದು 2020ರಲ್ಲಿ ವಿನೀತಾ ಶರ್ಮಾ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಖಚಿತಪಡಿಸಿದ ಮೇಲೂ, "ಲಗ್ನ ಮಾಡಿ ಕೊಟ್ಟೀವಿ" ಎಂದು ಅಕ್ಕತಂಗಿಯರನ್ನು ಬಿಟ್ಟು ದಾವೆ ಹೂಡುವವರಿದ್ದಾರೆ. ಹಕ್ಕಿನ ಮಾತು ಹಾಗಿರಲಿ, ಇದರ ಪ್ರಾಯೋಗಿಕ ಫಲ ನೋಡಿ: ಸಾಕ್ಷ್ಯ ಮುಗಿದ ಹಂತದಲ್ಲಿ ಯಾರೋ ಒಬ್ಬ ಸೋದರಿ ಅರ್ಜಿ ಹಾಕಿ ಪಕ್ಷಗಾರಳಾಗುತ್ತಾಳೆ, ವಾದಪತ್ರ ತಿದ್ದುಪಡಿಯಾಗುತ್ತದೆ, ಹೊಸ ಕೈಫಿಯತ್ತು (ಪ್ರತಿವಾದಿಯ ಲಿಖಿತ ಉತ್ತರ) ಬರುತ್ತದೆ, ದಾವೆ ಮೊದಲಿನಿಂದ ಆರಂಭವಾಗುತ್ತದೆ. ಬದುಕಿರುವ ಎಲ್ಲ ವಾರಸುದಾರರನ್ನೂ, ತೀರಿಕೊಂಡವರ ಮಕ್ಕಳನ್ನೂ, ಜಮೀನಿನ ಭಾಗವನ್ನು ಖರೀದಿಸಿದವರನ್ನೂ ಮೊದಲ ದಿನವೇ ಸೇರಿಸಿರಿ. ಸರ್ವೆ ನಂಬರು, ಹಿಸ್ಸಾ, ಎಕರೆ-ಗುಂಟೆ, ಚೆಕ್ಕುಬಂದಿಗಳನ್ನು (ನಾಲ್ಕು ದಿಕ್ಕಿನ ಗಡಿಗಳನ್ನು) ಪಹಣಿ ಮತ್ತು ಹಿಸ್ಸಾ ನಕ್ಷೆಯೊಂದಿಗೆ ತಾಳೆ ನೋಡಿ ಬರೆಸಿರಿ. ವಿಚಾರಣೆ ಆರಂಭವಾದ ಮೇಲೆ, ಎಚ್ಚರಿಕೆ ವಹಿಸಿಯೂ ಮೊದಲೇ ಗೊತ್ತಾಗಲು ಸಾಧ್ಯವಿರಲಿಲ್ಲವೆಂದು ತೋರಿಸದ ಹೊರತು ತಿದ್ದುಪಡಿಗೆ ಅವಕಾಶವಿಲ್ಲ ಎಂದು ಆದೇಶ 6, ನಿಯಮ 17 ಹೇಳುತ್ತದೆ.

ಸರ್ಕಾರದ ಮೇಲೆ ದಾವೆಯಾದರೆ ಸಿವಿಲ್ ಪ್ರಕ್ರಿಯಾ ಸಂಹಿತೆಯ ಕಲಂ 80ರ ಎರಡು ತಿಂಗಳ ನೋಟಿಸು ಮೊದಲು ಹೋಗಬೇಕು. ರಾಯಚೂರಿನ ಹತ್ತಿ ವ್ಯಾಪಾರ, ಗಂಗಾವತಿ-ಕಾರಟಗಿಯ ಅಕ್ಕಿ ಗಿರಣಿ, ಬಳ್ಳಾರಿಯ ಜೀನ್ಸ್ ವಹಿವಾಟಿನಂತಹ ವಾಣಿಜ್ಯ ವ್ಯಾಜ್ಯ 3 ಲಕ್ಷ ರೂಪಾಯಿ ಅಥವಾ ಅದಕ್ಕಿಂತ ಹೆಚ್ಚಿನ ಮೌಲ್ಯದ್ದಾದರೆ, ತುರ್ತು ಮಧ್ಯಂತರ ಪರಿಹಾರ ಕೇಳದಿದ್ದಲ್ಲಿ ದಾವೆಗೆ ಮುನ್ನ ಮಧ್ಯಸ್ಥಿಕೆಗೆ ಹೋಗುವುದು ಕಡ್ಡಾಯ. ಹೋಗದೆ ಹೂಡಿದ ದಾವೆ ತಿರಸ್ಕೃತವಾಗುತ್ತದೆ.

ಸಮನ್ಸ್: ಹೆಚ್ಚು ಕಾಲ ಕಳೆದುಹೋಗುವ ಜಾಗ

ಸಮನ್ಸ್ ಜಾರಿಯಾಗದೆ ಪ್ರತಿವಾದಿ ಹಾಜರಾಗುವುದಿಲ್ಲ, ಪ್ರತಿವಾದಿ ಹಾಜರಾಗದೆ ಕಾನೂನಿನ ಯಾವ ಗಡುವೂ ಓಡಲು ಆರಂಭಿಸುವುದಿಲ್ಲ. ನಮ್ಮ ಜಿಲ್ಲೆಗಳಲ್ಲಿ ಇದಕ್ಕೆ ಇನ್ನೊಂದು ಮುಖವಿದೆ. ದೇವದುರ್ಗ, ಲಿಂಗಸುಗೂರು, ಕುಷ್ಟಗಿ, ಯಲಬುರ್ಗಾದ ಒಣಬೇಸಾಯದ ಹಳ್ಳಿಗಳಿಂದ ಜನರು ಸುಗ್ಗಿ ಮುಗಿದೊಡನೆ ಬೆಂಗಳೂರಿಗೂ ಇತರ ನಗರಗಳಿಗೂ ಗುಳೆ ಹೋಗುತ್ತಾರೆ. ಬೇಸಿಗೆಯಲ್ಲಿ ಸಮನ್ಸ್ ಹಿಡಿದು ಹೋದ ಅಮೀನರಿಗೆ (ಸಮನ್ಸ್ ಮುಟ್ಟಿಸುವ ಕೋರ್ಟು ಸಿಬ್ಬಂದಿಗೆ) ಬೀಗ ಹಾಕಿದ ಮನೆ ಕಾಣುತ್ತದೆ. "ವಿಳಾಸದಲ್ಲಿಲ್ಲ" ಎಂಬ ಷರಾದೊಂದಿಗೆ ಸಮನ್ಸ್ ಮರಳುತ್ತದೆ. ಹೀಗೆ ಮರಳಿದ ದಿನದಿಂದ 7 ದಿನಗಳೊಳಗೆ ಹೊಸ ಸಮನ್ಸಿಗೆ ಅರ್ಜಿ ಹಾಕದಿದ್ದರೆ ಆ ಪ್ರತಿವಾದಿಯ ಮಟ್ಟಿಗೆ ದಾವೆಯನ್ನು ವಜಾ ಮಾಡಲು ಆದೇಶ 9, ನಿಯಮ 5ರಲ್ಲಿ ಅವಕಾಶವಿದೆ ಎಂಬುದನ್ನು ಬಹಳ ಮಂದಿ ಅರಿತಿಲ್ಲ.

ಆದ್ದರಿಂದ ದಾವೆ ದಾಖಲಾದ ವಾರದಲ್ಲಿಯೇ ಪ್ರತಿಯೊಬ್ಬ ಪ್ರತಿವಾದಿಗೂ ಬೇಕಾದ ವಾದಪತ್ರದ ನಕಲುಗಳನ್ನೂ ಸಮನ್ಸ್ ಬತ್ತೆಯನ್ನೂ ಕಟ್ಟಿಸಿ, ಕಟ್ಟಿದ ದಿನಾಂಕವನ್ನು ಬರೆದಿಟ್ಟುಕೊಳ್ಳಿ. ಹತ್ತು ಜನ ಪ್ರತಿವಾದಿಗಳಿದ್ದು ಒಂಬತ್ತು ಜನರಿಗೆ ಜಾರಿಯಾದರೂ ಹತ್ತನೆಯವನಿಗಾಗಿ ದಾವೆ ನಿಲ್ಲುತ್ತದೆ. ಊರಿನ ವಿಳಾಸದ ಜೊತೆಗೆ ಗುಳೆ ಹೋದ ಸ್ಥಳದ ವಿಳಾಸವನ್ನೂ ಮೊಬೈಲ್ ಸಂಖ್ಯೆಯನ್ನೂ ಕೊಡಿ. ಅಮೀನರ ಮೂಲಕ ಹೋಗುವುದರ ಜೊತೆಗೇ ಸ್ವೀಕೃತಿ ಸಹಿತ ನೋಂದಾಯಿತ ಅಂಚೆಯಲ್ಲಿಯೂ ಕಳಿಸಲು ಕೋರಿಕೊಳ್ಳಿ. ಸರಿಯಾದ ವಿಳಾಸ ಬರೆದು, ಅಂಚೆ ವೆಚ್ಚ ತೆತ್ತು ಕಳಿಸಿದ ಪತ್ರದ ಸ್ವೀಕೃತಿ ಚೀಟಿ 30 ದಿನಗಳೊಳಗೆ ಮರಳದಿದ್ದರೂ, ಪ್ರತಿವಾದಿ ಪತ್ರವನ್ನು ನಿರಾಕರಿಸಿದರೂ, ಸಮನ್ಸ್ ಜಾರಿಯಾಗಿದೆ ಎಂದು ನ್ಯಾಯಾಲಯ ಘೋಷಿಸಬಹುದು. ಪ್ರತಿವಾದಿ ಬೇಕೆಂದೇ ತಪ್ಪಿಸಿಕೊಳ್ಳುತ್ತಿದ್ದಾನೆ ಎಂದಾದರೆ ಆದೇಶ 5, ನಿಯಮ 20ರ ಅಡಿ ಬದಲಿ ಜಾರಿಗೆ ಅರ್ಜಿ ಹಾಕಿ, ಮನೆಯ ಬಾಗಿಲಿಗೆ ಅಂಟಿಸುವುದು ಅಥವಾ ಪತ್ರಿಕಾ ಪ್ರಕಟಣೆ ಕೇಳಿರಿ. ಪತ್ರಿಕೆ ಕೇಳುವಾಗ ಆ ಪ್ರದೇಶದಲ್ಲಿ ನಿಜವಾಗಿ ಓದುವ ಪತ್ರಿಕೆಯನ್ನೇ ಹೆಸರಿಸಿ. ಇಲ್ಲವಾದರೆ ಮುಂದೆ ಏಕಪಕ್ಷೀಯ ಡಿಕ್ರಿಯನ್ನು ರದ್ದುಪಡಿಸಲು ಅದೇ ಕಾರಣವಾಗುತ್ತದೆ.

ಕೈಫಿಯತ್ತು ಮತ್ತು ತಡೆಯಾಜ್ಞೆ

ಸಮನ್ಸ್ ಜಾರಿಯಾದ 30 ದಿನಗಳೊಳಗೆ ಪ್ರತಿವಾದಿ ಕೈಫಿಯತ್ತು ಸಲ್ಲಿಸಬೇಕು. ಕಾರಣ ದಾಖಲಿಸಿ 90 ದಿನಗಳವರೆಗೆ ವಿಸ್ತರಿಸಬಹುದು. ಸಾಮಾನ್ಯ ದಾವೆಗಳಲ್ಲಿ ಈ 90 ದಿನ ಕಟ್ಟುನಿಟ್ಟಿನ ಗೋಡೆಯಲ್ಲ, ಅಸಾಧಾರಣ ಸಂದರ್ಭದಲ್ಲಿ ನ್ಯಾಯಾಲಯ ಅದನ್ನು ಮೀರಬಹುದು ಎಂದು 2005ರಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ಆದರೆ ಆ ರಿಯಾಯಿತಿ ಕೇಳಿದವರಿಗೆಲ್ಲ ಸಿಗತಕ್ಕದ್ದಲ್ಲ. ನೀವು ವಾದಿಯಾಗಿದ್ದರೆ 90ನೇ ದಿನ ಕಳೆದ ಮರುವಾಯಿದೆಯಲ್ಲೇ "ಕೈಫಿಯತ್ತು ಸಲ್ಲಿಸಿಲ್ಲವೆಂದು ದಾಖಲಿಸಿ" ಎಂದು ಜ್ಞಾಪನ (ಮೆಮೊ) ಹಾಕಿಸಿರಿ. ಸುಮ್ಮನಿದ್ದರೆ ಆರ್ಡರ್ ಶೀಟಿನಲ್ಲಿ ನಿಮ್ಮ ಆಕ್ಷೇಪವೇ ಇರುವುದಿಲ್ಲ, ಮುಂದೆ ಮೇಲಿನ ನ್ಯಾಯಾಲಯದಲ್ಲಿ ಹೇಳಿಕೊಳ್ಳಲು ಏನೂ ಉಳಿಯುವುದಿಲ್ಲ. ವಾಣಿಜ್ಯ ದಾವೆಗಳಲ್ಲಿ ಮಾತ್ರ 120 ದಿನಗಳ ಗಡುವು ಕಡ್ಡಾಯ. ಅದು ದಾಟಿದರೆ ಕೈಫಿಯತ್ತು ಸಲ್ಲಿಸುವ ಹಕ್ಕೇ ಹೋಗುತ್ತದೆ.

ಎದುರಾಳಿಗೆ ನೋಟಿಸಿಲ್ಲದೆ ಪಡೆದ ತಡೆಯಾಜ್ಞೆ ನಮ್ಮಲ್ಲಿ ದಾವೆ ನಿಲ್ಲಲು ದೊಡ್ಡ ಕಾರಣ. ತಡೆ ಸಿಕ್ಕವನಿಗೆ ಮುಂದೆ ಸಾಗುವ ಅವಸರವೇ ಇರುವುದಿಲ್ಲ. ಹೀಗೆ ನೀಡಿದ ತಡೆಯ ಅರ್ಜಿಯನ್ನು 30 ದಿನಗಳೊಳಗೆ ತೀರ್ಮಾನಿಸಲು ನ್ಯಾಯಾಲಯ ಯತ್ನಿಸಬೇಕು, ಆಗದಿದ್ದರೆ ಕಾರಣ ಬರೆಯಬೇಕು ಎಂದು ಆದೇಶ 39, ನಿಯಮ 3-ಎ ವಿಧಿಸುತ್ತದೆ. ಅಲ್ಲದೆ ತಡೆ ಪಡೆದವನು ಅದೇ ದಿನ ಅಥವಾ ಮರುದಿನ ವಾದಪತ್ರ ಮತ್ತು ದಾಖಲೆಗಳ ಪ್ರತಿಯನ್ನು ಎದುರಾಳಿಗೆ ಕಳಿಸಿ, ಕಳಿಸಿದ್ದೇನೆಂದು ಪ್ರಮಾಣಪತ್ರ (ಅಫಿಡವಿಟ್) ಸಲ್ಲಿಸಬೇಕು. ತಡೆಗೆ ಒಳಗಾದವರು ಮೊದಲು ಪರಿಶೀಲಿಸಬೇಕಾದದ್ದು ಇದನ್ನೇ. ನಿಮ್ಮ ಮೇಲೆ ದಾವೆ ಬರಬಹುದೆಂಬ ಸುಳಿವು ಮೊದಲೇ ಇದ್ದರೆ ಕಲಂ 148-ಎ ಅಡಿ ಕೇವಿಯಟ್ (ನನಗೆ ತಿಳಿಸದೆ ಆದೇಶ ಮಾಡಬೇಡಿ ಎಂಬ ಮುನ್ನೆಚ್ಚರಿಕೆ ಅರ್ಜಿ) ಹಾಕಿಡಿ. ಅದು 90 ದಿನ ಊರ್ಜಿತದಲ್ಲಿರುತ್ತದೆ, ನಂತರ ಮತ್ತೆ ಹಾಕಬೇಕು.

ವಿವಾದಾಂಶ ರೂಪಿಸುವ ದಿನ ತಪ್ಪದೆ ಹೋಗಿ

ನ್ಯಾಯಾಲಯ ತಾನು ತೀರ್ಮಾನಿಸಬೇಕಾದ ಪ್ರಶ್ನೆಗಳನ್ನು, ಅಂದರೆ ವಿವಾದಾಂಶಗಳನ್ನು, ಬರೆದಿಡುವ ಈ ದಿನವನ್ನು ಕಕ್ಷಿದಾರರು ಔಪಚಾರಿಕವೆಂದು ಭಾವಿಸಿ ಊರಲ್ಲೇ ಉಳಿಯುತ್ತಾರೆ. ನಿಜದಲ್ಲಿ ದಾವೆಯ ಉದ್ದ ತೀರ್ಮಾನವಾಗುವುದು ಇಲ್ಲಿ. ಎರಡೂ ಕಡೆಯವರು ಒಪ್ಪಿದ ಸಂಗತಿಗಳನ್ನು ಇಲ್ಲಿ ದಾಖಲಿಸಿದರೆ ಅವುಗಳಿಗೆ ಸಾಕ್ಷಿ ಬೇಡ. ಸಂಬಂಧ, ಸಾವಿನ ದಿನಾಂಕ, ಆಸ್ತಿ ಪಿತ್ರಾರ್ಜಿತವೆಂಬುದು ಒಪ್ಪಿತವಾದರೆ ಐದು ಸಾಕ್ಷಿಗಳ ಜಾಗದಲ್ಲಿ ಇಬ್ಬರು ಸಾಕು. ವಿವಾದಾಂಶ ರೂಪಿಸಿದ 15 ದಿನಗಳೊಳಗೆ ಸಾಕ್ಷಿಗಳ ಪಟ್ಟಿ ಸಲ್ಲಿಸಿರಿ.

ಗಡಿ ಒತ್ತುವರಿಯ ದಾವೆಯಾದರೆ ಕೋರ್ಟ್ ಕಮಿಷನರ್ ಮೂಲಕ ಅಳತೆ ಮಾಡಿಸಲು ಆದೇಶ 26, ನಿಯಮ 9ರ ಅರ್ಜಿಯನ್ನು ಯಾವಾಗ ಹಾಕಬೇಕು ಎಂಬುದನ್ನು ವಕೀಲರೊಂದಿಗೆ ಆರಂಭದಲ್ಲೇ ನಿರ್ಧರಿಸಿರಿ. ತುಂಗಭದ್ರಾ ಎಡದಂಡೆಯ ಕೆಳಗಿನ ಭತ್ತದ ಗದ್ದೆಯಲ್ಲಿ ನೀರು ನಿಂತಿರುವಾಗ ಅಳತೆ ಸಾಧ್ಯವಿಲ್ಲ. ಅಳತೆಯನ್ನು ಎರಡು ಬೆಳೆಗಳ ನಡುವಿನ ಬಿಡುವಿನಲ್ಲೇ ಮಾಡಬೇಕಾಗುತ್ತದೆ, ಆ ಬಿಡುವು ತಪ್ಪಿದರೆ ಇನ್ನೊಂದು ಕೊಯ್ಲಿನವರೆಗೆ ಕಾಯಬೇಕು.

ರಾಜಿಗೆ ಸೂಕ್ತ ಸಮಯವೂ ಇದೇ. ಕಲಂ 89ರ ಅಡಿ ನ್ಯಾಯಾಲಯ ಪ್ರಕರಣವನ್ನು ಮಧ್ಯಸ್ಥಿಕೆಗೆ ಅಥವಾ ಲೋಕ ಅದಾಲತ್ತಿಗೆ ಕಳಿಸಬಹುದು. ಲೋಕ ಅದಾಲತ್ತಿನ ಅವಾರ್ಡು ಡಿಕ್ರಿಗೆ ಸಮಾನ, ಅದರ ಮೇಲೆ ಮೇಲ್ಮನವಿ ಇಲ್ಲ, ಕಟ್ಟಿದ ಕೋರ್ಟ್ ಶುಲ್ಕ ಮರಳುತ್ತದೆ. ಅಣ್ಣತಮ್ಮಂದಿರ ಪಾಲಿನ ದಾವೆಗೆ ಇದಕ್ಕಿಂತ ಒಳ್ಳೆಯ ದಾರಿ ನನಗೆ ಗೊತ್ತಿಲ್ಲ. ಒಂದು ಎಚ್ಚರಿಕೆ ಇರಲಿ: ರಾಜಿಯ ಮಾತನ್ನು ಕಾಲ ದೂಡಲು ಬಳಸುವ ಎದುರಾಳಿಗಳಿದ್ದಾರೆ. ಎರಡು ಬಾರಿ ಮಧ್ಯಸ್ಥಿಕೆ ಕೇಂದ್ರಕ್ಕೆ ಬಾರದವನ ಗೈರುಹಾಜರಿಯನ್ನು ವರದಿಯಲ್ಲಿ ನಮೂದಿಸಲು ಕೇಳಿ, ದಾವೆಯನ್ನು ವಿಚಾರಣೆಗೆ ಮರಳಿಸಿಕೊಳ್ಳಿ.

ಸಾಕ್ಷ್ಯ ಮತ್ತು ಮುಂದೂಡಿಕೆ

ಮುಖ್ಯ ವಿಚಾರಣೆ, ಅಂದರೆ ಸಾಕ್ಷಿಯ ಮೊದಲ ಹೇಳಿಕೆ, ಈಗ ಪ್ರಮಾಣಪತ್ರದ (ಅಫಿಡವಿಟ್) ಮೂಲಕ ನಡೆಯುತ್ತದೆ. ಅದನ್ನು ವಾಯಿದೆಗೆ ಮುಂಚೆಯೇ ಸಿದ್ಧಪಡಿಸಿ, ನೀವೇ ಕೂತು ಓದಿಸಿ ಕೇಳಿ ಸಹಿ ಮಾಡಿರಿ. ಮೂಲ ದಾಖಲೆಗಳನ್ನು ಪಟ್ಟಿಯ ಕ್ರಮದಲ್ಲೇ ಜೋಡಿಸಿಕೊಂಡು ಹೋದರೆ ಅವುಗಳಿಗೆ ಸಾಕ್ಷ್ಯವಾಗಿ ಗುರುತು ಸಂಖ್ಯೆ (ನಿಶಾನೆ) ಹಾಕುವುದು ಒಂದೇ ದಿನದಲ್ಲಿ ಮುಗಿಯುತ್ತದೆ.

ಮುಂದೂಡಿಕೆಯ ವಿಷಯದಲ್ಲಿ ಕಾನೂನಿನ ಮಾತು ಜನರು ಅಂದುಕೊಂಡದ್ದಕ್ಕಿಂತ ಬಹಳ ಬಿಗಿಯಾಗಿದೆ. ಆದೇಶ 17, ನಿಯಮ 1ರ ಪ್ರಕಾರ ವಿಚಾರಣೆಯ ಅವಧಿಯಲ್ಲಿ ಒಂದು ಪಕ್ಷಕ್ಕೆ ಮೂರಕ್ಕಿಂತ ಹೆಚ್ಚು ಮುಂದೂಡಿಕೆ ಕೊಡುವಂತಿಲ್ಲ, ಸಾಕ್ಷ್ಯ ಆರಂಭವಾದರೆ ಹಾಜರಿರುವ ಸಾಕ್ಷಿಗಳೆಲ್ಲ ಮುಗಿಯುವವರೆಗೆ ದಿನದಿಂದ ದಿನಕ್ಕೆ ನಡೆಯಬೇಕು, ಮತ್ತು ವಕೀಲರು ಬೇರೊಂದು ನ್ಯಾಯಾಲಯದಲ್ಲಿದ್ದಾರೆ ಎಂಬುದು ಮುಂದೂಡಲು ಕಾರಣವೇ ಅಲ್ಲ. ಮಿತಿಮೀರಿದ ಸಂಕಷ್ಟದಲ್ಲಿ ಮೂರನ್ನು ದಾಟಬಹುದೆಂದು ಸೇಲಂ ವಕೀಲರ ಸಂಘದ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಒಪ್ಪಿದೆ, ಆದರೆ ಅದು ಅಪವಾದ. ನಾವು ಅಪವಾದವನ್ನೇ ರೂಢಿ ಮಾಡಿಕೊಂಡಿದ್ದೇವೆ, ಮತ್ತು ಇದರಲ್ಲಿ ವಕೀಲರಾದ ನಮ್ಮ ಪಾಲೂ ದೊಡ್ಡದಿದೆ ಎಂದು ನಾನು ನೊಂದುಕೊಂಡೇ ಬರೆಯುತ್ತಿದ್ದೇನೆ.

ಎದುರಾಳಿ ಮುಂದೂಡಿಕೆ ಕೇಳಿದಾಗ ನಿಮ್ಮ ಕೈಯಲ್ಲಿರುವ ಸಾಧನವೆಂದರೆ ವೆಚ್ಚದ ಆದೇಶ. ಕಲಂ 35-ಬಿ ಅಡಿ ವಿಳಂಬಕ್ಕೆ ಕಾರಣನಾದವನ ಮೇಲೆ ನ್ಯಾಯಾಲಯ ವೆಚ್ಚ ವಿಧಿಸಿದರೆ, ಅದನ್ನು ಕೊಡದ ಹೊರತು ಅವನು ತನ್ನ ವಾದ ಅಥವಾ ಪ್ರತಿವಾದವನ್ನು ಮುಂದುವರಿಸುವಂತಿಲ್ಲ. ಆದ್ದರಿಂದ ಪ್ರತಿ ಬಾರಿ ನಿಮ್ಮ ಸಾಕ್ಷಿ ಹಾಜರಿದ್ದೂ ಪಾಟೀ ಸವಾಲು ನಡೆಯದಿದ್ದರೆ, ಸಾಕ್ಷಿ ಹಾಜರಿದ್ದಾರೆಂದು ಆರ್ಡರ್ ಶೀಟಿನಲ್ಲಿ ನಮೂದಾಗುವಂತೆ ನೋಡಿಕೊಂಡು, ಬಸ್ ಚಾರ್ಜು ಮತ್ತು ಕೂಲಿ ನಷ್ಟವನ್ನು ಹೇಳಿ ವೆಚ್ಚ ಕೇಳಿರಿ.

ವಯಸ್ಸಾದ ಸಾಕ್ಷಿ, ಗುಳೆ ಹೊರಟ ಸಾಕ್ಷಿ ಇದ್ದರೆ ಸರದಿ ಬರುವವರೆಗೆ ಕಾಯಬೇಕಾಗಿಲ್ಲ. ಆದೇಶ 18, ನಿಯಮ 16ರ ಅಡಿ ಅರ್ಜಿ ಹಾಕಿದರೆ ದಾವೆ ಯಾವ ಹಂತದಲ್ಲಿದ್ದರೂ ಅಂಥವರ ಸಾಕ್ಷ್ಯವನ್ನು ಕೂಡಲೇ ದಾಖಲಿಸಿಕೊಳ್ಳಬಹುದು. ಹಾಸಿಗೆ ಹಿಡಿದವರ ಸಾಕ್ಷ್ಯವನ್ನು ಮನೆಯಲ್ಲೇ ಕಮಿಷನರ್ ದಾಖಲಿಸಬಹುದು. ಬೆಂಗಳೂರಿನಲ್ಲಿರುವ ಸಾಕ್ಷಿಗೆ ಕರ್ನಾಟಕ ಹೈಕೋರ್ಟಿನ 2020ರ ವಿಡಿಯೊ ಕಾನ್ಫರೆನ್ಸಿಂಗ್ ನಿಯಮಗಳಡಿ ಅನುಮತಿ ಕೋರಬಹುದು. ಜಮೀನಿನ ವಹಿವಾಟನ್ನು ಕಣ್ಣಾರೆ ಕಂಡ ಮುದುಕ ತೀರಿಕೊಂಡ ಮೇಲೆ ಆ ಕೊರತೆಯನ್ನು ತುಂಬಬಲ್ಲ ಅರ್ಜಿ ಕಾನೂನಿನಲ್ಲಿಲ್ಲ.

ಪಕ್ಷಗಾರರು ತೀರಿಕೊಂಡಾಗ

ದಾವೆಯ ಪಕ್ಷಗಾರರೊಬ್ಬರು ತೀರಿಕೊಂಡು, ದಾವೆಯ ಹಕ್ಕು ಮುಂದುವರಿಯುವಂಥದಾದರೆ, 90 ದಿನಗಳೊಳಗೆ ವಾರಸುದಾರರನ್ನು ದಾಖಲೆಗೆ ತರಬೇಕು. ತರದಿದ್ದರೆ ಅವರ ಮಟ್ಟಿಗೆ ದಾವೆ ತಾನಾಗಿ ಬಿದ್ದುಹೋಗುತ್ತದೆ. ಅದನ್ನು ಎತ್ತಿ ನಿಲ್ಲಿಸಲು ಮತ್ತೆ 60 ದಿನ, ಅದೂ ದಾಟಿದರೆ ವಿಳಂಬ ಮನ್ನಾ ಅರ್ಜಿ. ಊರಿನಲ್ಲಿ ಎದುರಾಳಿಯ ಮಣ್ಣಿಗೆ ಹೋಗಿ ಬಂದವರು ಕೂಡ ವಕೀಲರಿಗೆ ತಿಳಿಸದೆ ಒಂದು ವರ್ಷ ಕಳೆದದ್ದನ್ನು ನೋಡಿದ್ದೇನೆ. ಸಾವಿನ ಸುದ್ದಿ ತಿಳಿದ ವಾರದಲ್ಲೇ ದಿನಾಂಕ ಮತ್ತು ಮಕ್ಕಳ ಹೆಸರು, ವಯಸ್ಸು, ವಿಳಾಸ ಬರೆದು ವಕೀಲರಿಗೆ ಕೊಡಿ. ತಮ್ಮ ಕಕ್ಷಿದಾರ ತೀರಿಕೊಂಡದ್ದನ್ನು ತಿಳಿಸುವುದು ಎದುರು ವಕೀಲರ ಕರ್ತವ್ಯ ಎಂಬ ನಿಯಮವೂ ಇದೆ. ಅದನ್ನು ನಂಬಿ ಕುಳಿತುಕೊಳ್ಳಬೇಡಿ.

ಎಲ್ಲ ಮಾಡಿಯೂ ದಾವೆ ಅಲುಗದಿದ್ದರೆ

ಮೊದಲು ಅದೇ ನ್ಯಾಯಾಲಯದಲ್ಲಿ ಶೀಘ್ರ ವಿಚಾರಣೆಗೆ ಅರ್ಜಿ. ಅದರಲ್ಲಿ ದಾವೆಯ ವರ್ಷ, ಈವರೆಗಿನ ವಾಯಿದೆಗಳು, ಯಾರ ಕೋರಿಕೆಯ ಮೇಲೆ ಎಷ್ಟು ಸಲ ಮುಂದೂಡಲಾಯಿತು ಎಂಬುದನ್ನು ಆರ್ಡರ್ ಶೀಟ್ ಆಧರಿಸಿ ಬರೆಯಿರಿ. ಹಿರಿಯ ನಾಗರಿಕರಾದರೆ ವಯಸ್ಸಿನ ದಾಖಲೆ, ಕಾಯಿಲೆ ಇದ್ದರೆ ವೈದ್ಯರ ಪತ್ರ ಲಗತ್ತಿಸಿರಿ. ಆಧಾರವಾಗಿ ಎರಡನ್ನು ಉಲ್ಲೇಖಿಸಬಹುದು. ಒಂದು, ಅಧೀನ ನ್ಯಾಯಾಲಯಗಳಲ್ಲಿ ಪ್ರಕರಣಗಳ ಹರಿವಿನ ನಿರ್ವಹಣೆಗಾಗಿ ಇರುವ ಕರ್ನಾಟಕದ 2005ರ ನಿಯಮಗಳು. ವಿಭಾಗ, ಘೋಷಣೆ, ಸ್ವಾಧೀನದಂತಹ ದಾವೆಗಳನ್ನು ಪ್ರತಿವಾದಿ ಹಾಜರಾದಂದಿನಿಂದ 24 ತಿಂಗಳೊಳಗೆ ತೀರ್ಮಾನಿಸಲು ಯತ್ನಿಸಬೇಕೆಂದು ಅವು ಹೇಳುತ್ತವೆ. ಎರಡು, 2023ರ ಅಕ್ಟೋಬರಿನಲ್ಲಿ ಯಶ್‌ಪಾಲ್ ಜೈನ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಕೊಟ್ಟ ನಿರ್ದೇಶನಗಳು. 1982ರಲ್ಲಿ ಹೂಡಿದ ದಾವೆಯೊಂದು ನಾಲ್ಕು ದಶಕ ಕಳೆದರೂ ಮುಗಿಯದ್ದನ್ನು ಕಂಡು, ಸಮನ್ಸ್ ಜಾರಿಯಿಂದ ತೀರ್ಪಿನವರೆಗೆ ಪ್ರತಿ ಹಂತವೂ ಸಂಹಿತೆಯ ಗಡುವಿನಂತೆ ನಡೆಯಬೇಕು, ಐದು ವರ್ಷ ದಾಟಿದ ಪ್ರಕರಣಗಳ ವಿವರ ಜಿಲ್ಲಾ ನ್ಯಾಯಾಧೀಶರಿಗೆ ಹೋಗಬೇಕು ಎಂದು ಅದು ಆದೇಶಿಸಿತು.

ಇದರಿಂದ ಫಲ ಕಾಣದಿದ್ದರೆ ಪ್ರಧಾನ ಜಿಲ್ಲಾ ನ್ಯಾಯಾಧೀಶರಿಗೆ ಆಡಳಿತಾತ್ಮಕ ಮನವಿ ಕೊಡಬಹುದು. ಅದರಲ್ಲಿ ಪ್ರಕರಣದ ಗುಣಾವಗುಣವನ್ನಾಗಲಿ ಯಾರ ಮೇಲಿನ ಆರೋಪವನ್ನಾಗಲಿ ಬರೆಯದೆ, ಬಾಕಿ ಇರುವ ಅವಧಿಯನ್ನಷ್ಟೇ ಬರೆಯಿರಿ. ಕೊನೆಯ ದಾರಿ ಸಂವಿಧಾನದ 227ನೇ ವಿಧಿಯಡಿ ಹೈಕೋರ್ಟು. ರಾಯಚೂರಿನವರಿಗೆ ಕಲಬುರಗಿ ಪೀಠ, ಕೊಪ್ಪಳ ಮತ್ತು ಬಳ್ಳಾರಿಯವರಿಗೆ ಧಾರವಾಡ ಪೀಠ. ಆದರೆ ಮೇಲಿನ ನ್ಯಾಯಾಲಯಗಳು ಕೆಳಗಿನ ನ್ಯಾಯಾಲಯಗಳಿಗೆ ಸಾಮಾನ್ಯವಾಗಿ ಗಡುವು ವಿಧಿಸಬಾರದು, ಅಸಾಧಾರಣ ಸಂದರ್ಭದಲ್ಲಿ ಮಾತ್ರ ವಿಧಿಸಬಹುದು ಎಂದು 2024ರ ಫೆಬ್ರವರಿಯಲ್ಲಿ ಸುಪ್ರೀಂ ಕೋರ್ಟಿನ ಸಂವಿಧಾನ ಪೀಠ ಹೇಳಿರುವುದರಿಂದ, ನಿಮ್ಮ ಪ್ರಕರಣ ಏಕೆ ಅಸಾಧಾರಣ ಎಂಬುದನ್ನು ತೋರಿಸಲೇಬೇಕು. ಹೈಕೋರ್ಟಿನ ತಡೆ ಆರು ತಿಂಗಳಾದರೆ ತಾನೇ ತೆರವಾಗುತ್ತದೆ ಎಂಬ ಮಾತು ಈಗಲೂ ಕೋರ್ಟು ಆವರಣದಲ್ಲಿ ಕೇಳುತ್ತದೆ. 2018ರ ಆ ನಿಲುವನ್ನು ಇದೇ ಪೀಠ ತಳ್ಳಿಹಾಕಿದೆ. ತಡೆ ತೆರವಿಗೆ ಅರ್ಜಿ ಹಾಕಲೇಬೇಕು.

ಹಣದ ಅಡಚಣೆಯಿಂದ ಇವನ್ನೆಲ್ಲ ಕೈಬಿಡಬೇಡಿ. ಮಹಿಳೆಯರು, ಪರಿಶಿಷ್ಟ ಜಾತಿ ಮತ್ತು ಪಂಗಡದವರು, ಅಂಗವಿಕಲರು ಆದಾಯ ಎಷ್ಟೇ ಇರಲಿ, ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರ ಅಥವಾ ತಾಲ್ಲೂಕು ಕಾನೂನು ಸೇವಾ ಸಮಿತಿಯಿಂದ ಉಚಿತ ವಕೀಲರನ್ನು ಪಡೆಯಲು ಅರ್ಹರು.

ತೀರ್ಪಿನ ನಂತರ

ವಾದ ಮುಗಿದ 30 ದಿನಗಳೊಳಗೆ, ಅಸಾಧಾರಣ ಸಂದರ್ಭದಲ್ಲಿ 60 ದಿನಗಳೊಳಗೆ ತೀರ್ಪು ಬರಬೇಕು. ತೀರ್ಪು ಬಂದ ದಿನವೇ ದೃಢೀಕೃತ ಪ್ರತಿಗೆ ಅರ್ಜಿ ಹಾಕಿರಿ. ಎದುರಾಳಿ ಮೇಲ್ಮನವಿ ಹಾಕಿದ ಮಾತ್ರಕ್ಕೆ ಡಿಕ್ರಿ ನಿಲ್ಲುವುದಿಲ್ಲ, ಮೇಲ್ಮನವಿ ನ್ಯಾಯಾಲಯ ಬೇರೆಯಾಗಿ ತಡೆ ಕೊಟ್ಟಿರಬೇಕು.

ವಿಭಾಗದ ದಾವೆ ಗೆದ್ದವರು ಮೋಸಹೋಗುವುದು ಇಲ್ಲಿ. ಮೊದಲು ಸಿಗುವುದು ಪ್ರಾಥಮಿಕ ಡಿಕ್ರಿ. ಅದು ಪಾಲೆಷ್ಟು ಎಂದು ಹೇಳುತ್ತದೆಯೇ ಹೊರತು ಯಾವ ಬದಿಯ ಹೊಲ ಯಾರಿಗೆ ಎಂದು ಹೇಳುವುದಿಲ್ಲ. ಅಂತಿಮ ಡಿಕ್ರಿಗೆ ಪಕ್ಷಗಾರರ ಪ್ರತ್ಯೇಕ ಅರ್ಜಿಗಾಗಿ ಕಾಯದೆ ವಿಚಾರಣಾ ನ್ಯಾಯಾಲಯವೇ ಮುಂದುವರಿಯಬೇಕೆಂದು 2022ರಲ್ಲಿ ಸುಪ್ರೀಂ ಕೋರ್ಟ್ ನಿರ್ದೇಶಿಸಿದೆ. ಹಾಗೆ ನಡೆಯದಿದ್ದರೆ ಆ ನಿರ್ದೇಶನವನ್ನು ತೋರಿಸಿ ಜ್ಞಾಪನ ಹಾಕಿರಿ. ಕಂದಾಯ ಭೂಮಿಯಾದರೆ ಕಲಂ 54ರಂತೆ ಹಂಚಿಕೆಯ ಕೆಲಸ ಜಿಲ್ಲಾಧಿಕಾರಿಗಳ ಮೂಲಕ ಕಂದಾಯ ಮತ್ತು ಭೂಮಾಪನ ಸಿಬ್ಬಂದಿಗೆ ಹೋಗುತ್ತದೆ. ಪತ್ರ ಹೋದ ದಿನಾಂಕ ಮತ್ತು ಸಂಖ್ಯೆಯನ್ನು ಹಿಡಿದು ನೀವೇ ಬೆನ್ನುಹತ್ತಬೇಕು. ಅಂತಿಮ ಡಿಕ್ರಿಯನ್ನು ಛಾಪಾ ಕಾಗದದ ಮೇಲೆ ಬರೆಸಲು ತಡಮಾಡಬೇಡಿ; ಅಮಲ್ಜಾರಿಯ (ಡಿಕ್ರಿಯನ್ನು ಜಾರಿಗೆ ತರುವ ಕ್ರಮದ) 12 ವರ್ಷಗಳ ಕಾಲಮಿತಿ ಡಿಕ್ರಿಯ ದಿನದಿಂದಲೇ ಓಡುತ್ತದೆ, ಛಾಪಾ ಕಾಗದ ಕೊಟ್ಟ ದಿನದಿಂದಲ್ಲ.

ಅಮಲ್ಜಾರಿ ಅರ್ಜಿ ಸಲ್ಲಿಸಿದ 6 ತಿಂಗಳೊಳಗೆ ಮುಗಿಯಬೇಕು, ಮುಗಿಯದಿದ್ದರೆ ಕಾರಣ ಬರೆಯಬೇಕು ಎಂಬುದು 2021ರ ರಾಹುಲ್ ಎಸ್. ಷಾ ಪ್ರಕರಣದ ನಿರ್ದೇಶನ. ಆ ವ್ಯಾಜ್ಯ ಹುಟ್ಟಿದ್ದು ನಮ್ಮದೇ ರಾಜ್ಯದಲ್ಲಿ. ಆದರೂ ದೇಶದಲ್ಲಿ 8.8 ಲಕ್ಷಕ್ಕೂ ಹೆಚ್ಚು ಅಮಲ್ಜಾರಿ ಅರ್ಜಿಗಳು ಬಾಕಿ ಇವೆಯೆಂಬ ಲೆಕ್ಕ 2025ರಲ್ಲಿ ಸುಪ್ರೀಂ ಕೋರ್ಟಿನ ಮುಂದೆ ಬಂತು. ಡಿಕ್ರಿಯಾದ ಎರಡು ವರ್ಷಗಳೊಳಗೇ ಅರ್ಜಿ ಹಾಕಿದರೆ ಸಾಮಾನ್ಯವಾಗಿ ಎದುರಾಳಿಗೆ ಆರಂಭಿಕ ನೋಟಿಸಿನ ಅಗತ್ಯವಿಲ್ಲ, ತಡಮಾಡಿದರೆ ನೋಟಿಸು ಬೇಕು, ನೋಟಿಸೆಂದರೆ ಮತ್ತೆ ಅದೇ ಬತ್ತೆ, ಅದೇ ಬೀಗ ಹಾಕಿದ ಮನೆ. ಮೂರನೆಯವರು ಅಡ್ಡಬಂದರೆ ಹೊಸ ದಾವೆ ಹೂಡಬೇಕಿಲ್ಲ, ಆ ತಕರಾರನ್ನು ಅಮಲ್ಜಾರಿ ನ್ಯಾಯಾಲಯವೇ ಆದೇಶ 21, ನಿಯಮ 97ರಿಂದ 101ರವರೆಗಿನ ನಿಯಮಗಳಂತೆ ತೀರ್ಮಾನಿಸುತ್ತದೆ.

ಅಮೀನರು ಸ್ವಾಧೀನ ಕೊಡುವ ದಿನ ಹೊಲದ ಅಕ್ಕಪಕ್ಕದ ಇಬ್ಬರನ್ನು ಪಂಚರಾಗಿ ಕರೆದೊಯ್ಯಿರಿ, ಪಂಚನಾಮೆಯಲ್ಲಿ ಸರ್ವೆ ನಂಬರು ಮತ್ತು ಚೆಕ್ಕುಬಂದಿ ಡಿಕ್ರಿಯಲ್ಲಿ ಇರುವಂತೆಯೇ ಇದೆಯೇ ಎಂದು ಸಹಿಗೆ ಮುನ್ನ ಓದಿ ನೋಡಿರಿ. ಸ್ವಾಧೀನದ ವರದಿ ನ್ಯಾಯಾಲಯದಲ್ಲಿ ದಾಖಲಾದ ಮೇಲೆ ಅದರ ದೃಢೀಕೃತ ಪ್ರತಿಯನ್ನೂ ಡಿಕ್ರಿಯ ಪ್ರತಿಯನ್ನೂ ತಹಶೀಲ್ದಾರರಿಗೆ ಕೊಟ್ಟು, ಮ್ಯುಟೇಶನ್ ಆಗಿ ಪಹಣಿಯ ಕಾಲಂನಲ್ಲಿ ನಿಮ್ಮ ಹೆಸರು ಬಂದ ಪ್ರತಿಯನ್ನು ಭೂಮಿ ಕೇಂದ್ರದಿಂದ ತೆಗೆದುಕೊಂಡು ಆ ನೋಟುಬುಕ್ಕಿನ ಕೊನೆಯ ಪುಟಕ್ಕೆ ಅಂಟಿಸಿರಿ.